ಮೂರು ಸಲ ಹೆಸರು ಕೂಗಿದರು

ಹೋದ ವರ್ಷ ನಾನು ಅಮೆರಿಕದ ಪ್ರಜೆಯಾದೆ. ಹ್ಯೂಸ್ಟನ್‌ನ ಒಂದು ದೊಡ್ಡ ಸಭಾಂಗಣ, ಒಳಗೆ ತುಂಬಿ ತುಳುಕುವಷ್ಟು ಜನ. ಬಾಗಿಲ ಹತ್ತಿರದ ಮೇಜಿನಲ್ಲೇ ಗ್ರೀನ್ ಕಾರ್ಡ್ ವಾಪಸ್ ತೆಗೆದುಕೊಂಡರು. ಆರು ವರ್ಷ ಪರ್ಸಿನಲ್ಲಿ ಜೋಪಾನವಾಗಿ ಇಟ್ಟುಕೊಂಡಿದ್ದ ಕಾರ್ಡು ಒಂದು ಪ್ಲಾಸ್ಟಿಕ್ ಡಬ್ಬಿಗೆ ಬಿತ್ತು. ಕೈಗೊಂದು ಪುಟ್ಟ ಬಾವುಟ ಕೊಟ್ಟರು. ನ್ಯಾಯಾಧೀಶರು ಬಂದರು. ಎಲ್ಲರೂ ಎದ್ದು ಬಲಗೈ ಎತ್ತಿ, ಅವರು ಹೇಳಿದ್ದನ್ನು ತುಂಡು ತುಂಡಾಗಿ ಹೇಳುತ್ತಾ ಹೋದೆವು. ಆ ಪ್ರಮಾಣದ ಮೊದಲ ಸಾಲಲ್ಲೇ ಒಂದು ಮಾತಿದೆ. ಇದುವರೆಗೆ ಯಾವ ದೇಶದ ಪ್ರಜೆಯಾಗಿದ್ದೆನೋ ಆ ದೇಶದ ಮೇಲಿನ ನಿಷ್ಠೆಯನ್ನೆಲ್ಲ ಪೂರ್ತಿಯಾಗಿ ಬಿಟ್ಟುಕೊಡುತ್ತೇನೆ, ಅಂತ. ಮನೆಯಲ್ಲಿ ಹತ್ತು ಸಲ ಓದಿಕೊಂಡೇ ಹೋಗಿದ್ದೆ. ಆದರೂ ಆ ಜಾಗಕ್ಕೆ ಬಂದಾಗ ಗಂಟಲು ಕಟ್ಟಿತು. ತುಟಿ ಆಡಿಸಿದೆ. ದನಿ ಹೊರಗೆ ಬಂತೋ ಇಲ್ಲವೋ ನನಗೇ ಗೊತ್ತಿಲ್ಲ. ಪಕ್ಕದಲ್ಲಿ ವಿಯೆಟ್ನಾಮಿನ ಅಜ್ಜಿಯೊಬ್ಬರು ಒಂದೊಂದು ಪದವನ್ನೂ ಗಟ್ಟಿಯಾಗಿ ಹೇಳುತ್ತಿದ್ದರು. ಅವರ ಕಣ್ಣಲ್ಲಿ ನೀರಿತ್ತು. ನನ್ನ ಕಣ್ಣಲ್ಲೂ ಇತ್ತು. ಎರಡೂ ಒಂದೇ ನೀರಾಗಿರಲಿಲ್ಲ ಅಂತ ಈಗಲೂ ಅನ್ನಿಸುತ್ತದೆ.

ಆಮೇಲೆ ಭಾರತದ ಪಾಸ್‌ಪೋರ್ಟ್ ಒಪ್ಪಿಸುವ ಕೆಲಸ. ಇಲ್ಲಿರುವ ನಮ್ಮವರಿಗೆಲ್ಲ ಗೊತ್ತಿರುವ ವಿಷಯ ಅದು. ಕೆಲವು ವಾರಗಳಾದ ಮೇಲೆ ರದ್ದು ಅಂತ ಸೀಲು ಬಿದ್ದು ವಾಪಸ್ ಬಂತು. ಬೀರುವಿನ ಮೇಲಿನ ಖಾನೆಯಲ್ಲಿ ಇಟ್ಟಿದ್ದೇನೆ. ಕೆಲಸಕ್ಕೆ ಬೇಕಿತ್ತು, ಮಕ್ಕಳ ಓದಿಗೆ ಬೇಕಿತ್ತು, ವೀಸಾ ಭಯ ಸಾಕಾಗಿತ್ತು. ಕಾರಣಗಳೆಲ್ಲ ಸರಿಯಾಗಿಯೇ ಇದ್ದವು. ಊರಿಗೆ ಫೋನ್ ಮಾಡಿ ಅಪ್ಪಯ್ಯನಿಗೆ ಹೇಳಿದ ದಿನದ ಮಾತು ಬೇರೆ. ಅದನ್ನು ಆಮೇಲೆ ಹೇಳುತ್ತೇನೆ.

ಇದಾಗಿ ಮೂರ್ನಾಲ್ಕು ತಿಂಗಳಿಗೆ ಡಾಲಸ್‌ಗೆ ಹೊರಟಿದ್ದೆವು. ಐ-45 ರಸ್ತೆಯಲ್ಲಿ ಉತ್ತರಕ್ಕೆ ಒಂದು ಗಂಟೆ ಹೋದರೆ ಹಂಟ್ಸ್‌ವಿಲ್ ಸಿಗುತ್ತದೆ. ಊರು ಬರುವ ಮೊದಲೇ ಪೈನ್ ಮರಗಳ ಮೇಲೆ ಬೆಳ್ಳಗಿನ ದೊಡ್ಡ ಪ್ರತಿಮೆ ಎದ್ದು ಕಾಣುತ್ತದೆ. ಉದ್ದ ಕೋಟು, ಕೈಯಲ್ಲಿ ಕೋಲು, 67 ಅಡಿ ಎತ್ತರ. ಸ್ಯಾಮ್ ಹ್ಯೂಸ್ಟನ್. 1994ರಲ್ಲಿ ನಿಲ್ಲಿಸಿದ್ದು. ಆ ದಾರಿಯಲ್ಲಿ ಎಷ್ಟೋ ಸಲ ಓಡಾಡಿದ್ದೆ, ಒಮ್ಮೆಯೂ ನಿಲ್ಲಿಸಿರಲಿಲ್ಲ. ಈ ಹೆಸರನ್ನು ದಿನಕ್ಕೆ ಇಪ್ಪತ್ತು ಸಲ ಬಾಯಲ್ಲಿ ಹೇಳುತ್ತೇವೆ. ವಿಳಾಸದಲ್ಲಿ ಬರೆಯುತ್ತೇವೆ. 1969ರಲ್ಲಿ ಚಂದ್ರನ ಮೇಲೆ ಇಳಿದವರು ಅಲ್ಲಿಂದ ಕರೆದದ್ದೂ ಇದೇ ಹೆಸರನ್ನು. ಆದರೆ ಅದೊಬ್ಬ ಮನುಷ್ಯನ ಹೆಸರು ಅಂತ ನಾನು ನಿಂತು ಯೋಚಿಸಿದ್ದು ಅವತ್ತೇ. ಮಕ್ಕಳಿಗೆ ಬಾತ್‌ರೂಮ್ ಬೇಕು ಅಂತ ಕಾರು ನಿಲ್ಲಿಸಿದೆವು. ಊರೊಳಗೆ ಅವನ ಹೆಸರಿನ ಮ್ಯೂಸಿಯಂ ಇದೆ ಅಂತ ಗೊತ್ತಾಗಿ ಅಲ್ಲಿಗೂ ಹೋದೆವು. ಡಾಲಸ್ ತಲುಪಿದಾಗ ರಾತ್ರಿಯಾಗಿತ್ತು. ಆ ರಾತ್ರಿಯಿಂದ ಶುರುವಾದ ಓದು ಇನ್ನೂ ನಿಂತಿಲ್ಲ.

ನನ್ನನ್ನು ಹಿಡಿದು ನಿಲ್ಲಿಸಿದ್ದು ಅವನ ಯುದ್ಧಗಳಲ್ಲ. ಒಂದು ಪ್ರಮಾಣ. ಅವನು ಮಾಡದೇ ಬಿಟ್ಟ ಪ್ರಮಾಣ.

ಎಷ್ಟು ದೇಶ, ಎಷ್ಟು ಸಲ

ಮೊದಲು ಅವನು ಮಾಡಿದ ಪ್ರಮಾಣಗಳನ್ನು ಎಣಿಸಿಕೊಂಡೆ. 1793ರ ಮಾರ್ಚ್ 2ರಂದು ವರ್ಜೀನಿಯಾದಲ್ಲಿ ಹುಟ್ಟಿದ. ಅಲ್ಲಿಗೆ ಅಮೆರಿಕದ ಪ್ರಜೆ. ಇಪ್ಪತ್ತು ವರ್ಷಕ್ಕೆ ಸೈನ್ಯ ಸೇರಿದ. 1829ರಲ್ಲಿ ಅಮೆರಿಕದ ಮೂಲನಿವಾಸಿಗಳಾದ ಚೆರೋಕೀ ಜನಾಂಗ ಅವನಿಗೆ ತನ್ನ ಪ್ರಜೆಯ ಸ್ಥಾನ ಕೊಟ್ಟಿತು, ಅದನ್ನು ಒಪ್ಪಿಕೊಂಡ. 1832ರ ಕೊನೆಗೆ ಟೆಕ್ಸಾಸ್‌ಗೆ ಬಂದ. ಆಗ ಅದು ಮೆಕ್ಸಿಕೋದ ಭಾಗ. ಅಲ್ಲಿ ಭೂಮಿ ಬೇಕಾದರೆ ಮೆಕ್ಸಿಕೋಗೆ ನಿಷ್ಠೆ ತೋರಿಸಬೇಕು, ಕ್ಯಾಥೊಲಿಕ್ ಆಗಬೇಕು. ನ್ಯಾಕಡೋಚಸ್ ಊರಿನ ಒಂದು ಮನೆಯಲ್ಲಿ ದೀಕ್ಷೆ ತೆಗೆದುಕೊಂಡ. 1836ರಲ್ಲಿ ಟೆಕ್ಸಾಸ್ ಮೆಕ್ಸಿಕೋದಿಂದ ಬೇರೆಯಾಯಿತು. ಸ್ವಾತಂತ್ರ್ಯ ಘೋಷಣೆಯಾದದ್ದು ಮಾರ್ಚ್ 2ರಂದು, ಅವನ 43ನೇ ಹುಟ್ಟುಹಬ್ಬದ ದಿನ. ಆ ಹೊಸ ದೇಶಕ್ಕೆ ಅವನೇ ಸೇನಾಪತಿ, ಅದೇ ವರ್ಷ ಅಧ್ಯಕ್ಷ. 1841ರಲ್ಲಿ ಇನ್ನೊಮ್ಮೆ ಅಧ್ಯಕ್ಷ. 1845ರ ಕೊನೆಗೆ ಟೆಕ್ಸಾಸ್ ಅಮೆರಿಕಕ್ಕೆ ಸೇರಿತು. ಮತ್ತೆ ಅಮೆರಿಕದ ಪ್ರಜೆ, ಹದಿಮೂರು ವರ್ಷ ಸೆನೆಟರ್, ಆಮೇಲೆ ಗವರ್ನರ್. ಅದಕ್ಕೆ ಮುಂಚೆ ಟೆನೆಸ್ಸಿಗೂ ಗವರ್ನರ್ ಆಗಿದ್ದ. ಜನರ ಓಟಿನಿಂದ ಎರಡು ಬೇರೆ ಬೇರೆ ರಾಜ್ಯಗಳಿಗೆ ಗವರ್ನರ್ ಆದವನು ಅಮೆರಿಕದ ಚರಿತ್ರೆಯಲ್ಲಿ ಇವನೊಬ್ಬನೇ.

ಈ ಪಟ್ಟಿ ನೋಡಿ ನನಗೆ ಮೊದಲು ಸಮಾಧಾನವಾಯಿತು. ನಿಜ ಹೇಳುತ್ತೇನೆ. ಒಂದೇ ಒಂದು ಸಲ ದೇಶ ಬದಲಿಸಿ ನಾನು ಇಷ್ಟು ಒದ್ದಾಡುತ್ತಿದ್ದೇನೆ. ಇವನು ನಾಲ್ಕು ಸಲ ಬದಲಿಸಿದ. ಆದರೂ ಇವನ ಹೆಸರಿನ ಊರಿನಲ್ಲಿ ನಾವು ಮನೆ ಕಟ್ಟಿಕೊಂಡಿದ್ದೇವೆ. ಓದುತ್ತಾ ಹೋದಂತೆ ಆ ಸಮಾಧಾನ ಉಳಿಯಲಿಲ್ಲ.

ಕಾಗೆ

ಹ್ಯೂಸ್ಟನ್‌ನ ಅಪ್ಪ ಸತ್ತ ಮೇಲೆ ತಾಯಿ ಎಲಿಜಬೆತ್ ಒಂಬತ್ತು ಮಕ್ಕಳನ್ನು ಕಟ್ಟಿಕೊಂಡು ಬೆಟ್ಟ ದಾಟಿ ಟೆನೆಸ್ಸಿಗೆ ಬಂದಳು. ಆಗ ಅದು ಗಡಿನಾಡು. ನದಿಯ ಆಚೆ ದಡ ಚೆರೋಕೀಗಳದ್ದು. ಅಣ್ಣಂದಿರು ಹುಡುಗನನ್ನು ಅಂಗಡಿ ಕೆಲಸಕ್ಕೆ ಹಚ್ಚಿದರು. ಅವನಿಗೆ ಗಲ್ಲಾದ ಮುಂದೆ ನಿಲ್ಲುವುದು ಆಗಲಿಲ್ಲ. ಹದಿನಾರನೇ ವಯಸ್ಸಿನಲ್ಲಿ ಮನೆ ಬಿಟ್ಟು ಓಡಿಹೋಗಿ ಚೆರೋಕೀಗಳ ಜೊತೆ ಇದ್ದುಬಿಟ್ಟ. ಅಲ್ಲಿನ ಮುಖಂಡ ಊಲೂಟೆಕಾ ಅವನನ್ನು ಮಗನ ಹಾಗೆ ನೋಡಿಕೊಂಡ. ಬಿಳಿಯರು ಆ ಮುಖಂಡನನ್ನು ಜಾನ್ ಜಾಲಿ ಅನ್ನುತ್ತಿದ್ದರು. ಹುಡುಗನಿಗೆ ಕೊಲೊನ್ನೆ ಅಂತ ಹೆಸರಿಟ್ಟರು. ಅಂದರೆ ಆ ಕಡೆಯ ದೊಡ್ಡ ಕರಿಕಾಗೆ. ಮೂರು ವರ್ಷ ಅಲ್ಲೇ. ಭಾಷೆ ಕಲಿತ, ಅವರ ಬಟ್ಟೆ ಹಾಕಿದ, ನದಿ ದಂಡೆಯಲ್ಲಿ ಕೂತು ಇಲಿಯಡ್ ಓದಿದ. ಆಗಾಗ ಮನೆಗೆ ಬಂದು ತಾಯಿಯ ಹತ್ತಿರ ಬಟ್ಟೆಬರೆ ತೆಗೆದುಕೊಂಡು ಹೋಗುತ್ತಿದ್ದ. ಕೊನೆಗೆ ಸಾಲ ತೀರಿಸಬೇಕು ಅಂತ ವಾಪಸ್ ಬಂದು, ಮೇರಿವಿಲ್ ಹತ್ತಿರ ಮರದ ದಿಮ್ಮಿಯ ಒಂದು ಕೋಣೆಯಲ್ಲಿ ಶಾಲೆ ನಡೆಸಿದ. ಒಬ್ಬ ಹುಡುಗನಿಗೆ ಎಂಟು ಡಾಲರ್ ಫೀಸು. ಅದರಲ್ಲಿ ಮೂರನೇ ಒಂದು ಭಾಗ ದುಡ್ಡು, ಮೂರನೇ ಒಂದು ಭಾಗ ಮುಸುಕಿನ ಜೋಳ, ಇನ್ನೊಂದು ಭಾಗ ಹತ್ತಿ ಬಟ್ಟೆ. (ನಮ್ಮ ಕಡೆ ಐಗಳ ಮಠಕ್ಕೆ ಅಕ್ಕಿ ಕಾಯಿ ಕೊಡುತ್ತಿದ್ದರಂತೆ. ಇದನ್ನು ಓದಿದಾಗ ಅದೇ ನೆನಪಾಯಿತು.)

1813ರಲ್ಲಿ ಸೈನ್ಯಕ್ಕೆ ಹೊರಟಾಗ ತಾಯಿ ಎರಡು ವಸ್ತು ಕೊಟ್ಟಳು. ಒಂದು ಬಂದೂಕು. ಇನ್ನೊಂದು ಚಿನ್ನದ ತೆಳು ಉಂಗುರ. ಒಳಗಡೆ, ಹಾಕಿಕೊಂಡವನಿಗೆ ಬಿಟ್ಟು ಬೇರೆಯವರಿಗೆ ಕಾಣದ ಹಾಗೆ, ಒಂದೇ ಒಂದು ಪದ ಕೊರೆಸಿತ್ತು. ಮಾನ. ಧೈರ್ಯವಂತರಿಗೆ ಈ ಮನೆ ಬಾಗಿಲು ತೆರೆದಿರುತ್ತದೆ, ಹೇಡಿಗಳಿಗೆ ಎಂದೂ ತೆರೆಯುವುದಿಲ್ಲ ಅಂದಳಂತೆ. ಮುಂದಿನ ವರ್ಷ ಹಾರ್ಸ್‌ಶೂ ಬೆಂಡ್ ಅನ್ನುವ ಕಡೆ ಆಂಡ್ರ್ಯೂ ಜಾಕ್ಸನ್ ಕೈಕೆಳಗೆ ಕ್ರೀಕ್ ಅನ್ನುವ ಇನ್ನೊಂದು ಮೂಲನಿವಾಸಿ ಜನರ ವಿರುದ್ಧ ಕಾದಾಡಿದ. ತೊಡೆಗೆ ಬಾಣ ನಾಟಿತು. ಜೊತೆಯವನಿಗೆ ಕತ್ತಿ ತೋರಿಸಿ, ಕಿತ್ತು ತೆಗೆ ಅಂತ ಹೇಳಿ ತೆಗೆಸಿದ. ಸ್ವಲ್ಪ ಹೊತ್ತಿಗೆ ಮತ್ತೆ ನುಗ್ಗಿ ಭುಜಕ್ಕೆ ಗುಂಡೇಟು ತಿಂದ. ಬದುಕುವುದಿಲ್ಲ ಅಂತ ವೈದ್ಯರು ಕೈಬಿಟ್ಟಿದ್ದರು. ಬದುಕಿದ. ಆದರೆ ಆ ಗಾಯ ಸಾಯುವ ತನಕ ಪೂರ್ತಿ ಮಾಯಲಿಲ್ಲ.

ಇಲ್ಲಿಂದ ಮುಂದಿನದ್ದು ಓದುವುದು ಕಷ್ಟ. 1817ರಲ್ಲಿ ಸರ್ಕಾರ ಇವನನ್ನು ಚೆರೋಕೀಗಳ ಬಳಿ ಏಜೆಂಟನ ಕೈಕೆಳಗೆ ನೇಮಿಸಿತು. ಕೆಲಸ ಏನು? ಅವರನ್ನು ಒಪ್ಪಿಸಿ ಮಿಸಿಸಿಪಿ ನದಿಯ ಆಚೆಗೆ ಕಳಿಸುವುದು. ಮಗ ಅಂತ ಸಾಕಿದ ಊಲೂಟೆಕಾನನ್ನೇ ಒಪ್ಪಿಸಿದ. ಮುನ್ನೂರರಷ್ಟು ಜನರನ್ನು ಕರೆದುಕೊಂಡು ಆ ಹಿರಿಯ ಊರು ಬಿಟ್ಟು ಪಶ್ಚಿಮಕ್ಕೆ ಹೋದ. ಹೇಗಿದ್ದರೂ ಬಿಳಿಯರು ಬಿಡುವುದಿಲ್ಲ, ಈಗಲೇ ಹೋದರೆ ಒಳ್ಳೆಯ ಭೂಮಿಯಾದರೂ ಸಿಗುತ್ತದೆ ಅಂತ ಹ್ಯೂಸ್ಟನ್ ನಂಬಿದ್ದಿರಬಹುದು. ಇರಲಿ. ಕೈ ಹಿಡಿದು ಕಳಿಸಿದವನು ಇವನೇ.

ಹನ್ನೊಂದು ವರ್ಷ ಕಳೆಯಿತು. ಇವನು ಲಾಯರ್ ಆದ, ಕಾಂಗ್ರೆಸ್ಸಿಗೆ ಹೋದ, ಟೆನೆಸ್ಸಿಯ ಗವರ್ನರ್ ಆದ. 1829ರ ಜನವರಿಯಲ್ಲಿ ಎಲಿಜಾ ಆಲನ್ ಅನ್ನುವ ಹುಡುಗಿಯನ್ನು ಮದುವೆಯಾದ. ಹನ್ನೊಂದು ವಾರಕ್ಕೆ ಆಕೆ ತವರಿಗೆ ಹೊರಟುಹೋದಳು. ಯಾಕೆ ಅಂತ ಅವಳೂ ಹೇಳಲಿಲ್ಲ, ಇವನೂ ಹೇಳಲಿಲ್ಲ, ಸಾಯುವ ತನಕ. ಏಪ್ರಿಲ್‌ನಲ್ಲಿ ಗವರ್ನರ್ ಪದವಿಗೆ ರಾಜೀನಾಮೆ ಕೊಟ್ಟು ದೋಣಿ ಹತ್ತಿ ಊರು ಬಿಟ್ಟ. ಎಲ್ಲಿಗೆ ಹೋದ ಅಂದರೆ, ತಾನೇ ಕಳಿಸಿದ್ದ ಆ ಹಿರಿಯನ ಮನೆಗೆ. ಊಲೂಟೆಕಾ ಬಾಗಿಲಿಗೆ ಬಂದು ತಬ್ಬಿಕೊಂಡನಂತೆ. ಹನ್ನೊಂದು ಚಳಿಗಾಲ ಆಯಿತು ನಿನ್ನ ನೋಡಿ, ನೀನು ನಡೆಯುತ್ತಿದ್ದ ದಾರಿಗೆ ಕಪ್ಪು ಮೋಡ ಕವಿದಿದೆ ಅಂತ ಕೇಳಿದೆ, ನನ್ನ ಮನೆ ನಿನ್ನದು, ನನ್ನ ಜನ ನಿನ್ನವರು, ನಮ್ಮ ಜೊತೆ ಇರು. ಹ್ಯೂಸ್ಟನ್ ಮುಂದೆ ನೆನಪಿಸಿಕೊಂಡ ಮಾತು ಇದು. ಯಾಕೆ ಬಂದೆ ಅಂತ ಕೇಳಲಿಲ್ಲ. ನಮ್ಮನ್ನು ಇಲ್ಲಿಗೆ ಕಳಿಸಿದವನು ನೀನಲ್ವಾ ಅಂತಲೂ ಕೇಳಲಿಲ್ಲ. ನಾನು ಈ ಭಾಗವನ್ನು ಎಷ್ಟು ಸಲ ಓದಿದೆನೋ ಲೆಕ್ಕವಿಲ್ಲ.

ಅಲ್ಲಿ ಮೂರು ವರ್ಷ ಇದ್ದ. ಟಯಾನಾ ರೋಜರ್ಸ್ ಅನ್ನುವ ಚೆರೋಕೀ ಹೆಂಗಸಿನ ಜೊತೆ ಸಂಸಾರ ಮಾಡಿದ. ಕುಡಿತ ಎಷ್ಟಾಯಿತೆಂದರೆ ಕಾಗೆ ಅಂತ ಕರೆಯುತ್ತಿದ್ದವರೇ ದೊಡ್ಡ ಕುಡುಕ ಅಂತ ಹೆಸರಿಟ್ಟರು. ಆದರೂ ಅವರ ಪರವಾಗಿ ವಾಷಿಂಗ್ಟನ್‌ಗೆ ಹೋಗಿ, ಅವರಿಗೆ ಬರಬೇಕಾದ ರೇಷನ್ನಿನಲ್ಲಿ ಮೋಸ ಮಾಡುತ್ತಿದ್ದ ಏಜೆಂಟರ ಮೇಲೆ ದೂರು ಕೊಟ್ಟ. ಹಲವರ ಕೆಲಸ ಹೋಯಿತು. ಆಮೇಲೆ ಟೆಕ್ಸಾಸ್ ಕರೆಯಿತು. ಟಯಾನಾಳನ್ನು ಅಲ್ಲೇ ಬಿಟ್ಟು ಹೋದ.

ಬೋಲ್ಸ್‌ನ ಸೊಂಟದ ಕತ್ತಿ

ಟೆಕ್ಸಾಸ್ ಯುದ್ಧದ ಕತೆ ಇಲ್ಲಿನ ನಾಲ್ಕನೇ ಕ್ಲಾಸಿನ ಮಕ್ಕಳಿಗೂ ಬಾಯಿಪಾಠ. ಅಲಾಮೋ ಕೋಟೆ ಬಿತ್ತು, ಗೋಲಿಯಾಡ್‌ನಲ್ಲಿ ಸೆರೆಸಿಕ್ಕವರನ್ನು ಕೊಂದರು, ಹ್ಯೂಸ್ಟನ್ ವಾರಗಟ್ಟಲೆ ಹಿಂದೆ ಹಿಂದೆ ಸರಿದ, ಎಲ್ಲರೂ ಹೇಡಿ ಅಂದರು. ಏಪ್ರಿಲ್ 21ರ ಮಧ್ಯಾಹ್ನ ಸ್ಯಾನ್ ಹಸಿಂಟೊದಲ್ಲಿ ಹದಿನೆಂಟು ನಿಮಿಷದ ಯುದ್ಧ. ಮಾರನೇ ದಿನ ಮೆಕ್ಸಿಕೋದ ದಂಡನಾಯಕ ಸಾಂತಾ ಆನಾ ಸಿಕ್ಕಿಬಿದ್ದ. ನೇಣು ಹಾಕಿ ಅಂತ ಜನ ಕೂಗಿದರೂ ಹ್ಯೂಸ್ಟನ್ ಅದಕ್ಕೆ ಒಪ್ಪಲಿಲ್ಲ. ಇದನ್ನು ಎಲ್ಲ ಕಡೆ ಬರೆದಿದ್ದಾರೆ. ನನಗೆ ಹೇಳಬೇಕಾಗಿರುವುದು ಅದೇ ವರ್ಷ ಎರಡು ತಿಂಗಳು ಮುಂಚೆ ಆದ ಇನ್ನೊಂದು ವಿಷಯ.

ಪೂರ್ವ ಟೆಕ್ಸಾಸ್‌ನಲ್ಲೂ ಚೆರೋಕೀಗಳಿದ್ದರು. ಅವರ ಮುಖಂಡ ಡುವಾಲಿ. ಬಿಳಿಯರ ಬಾಯಲ್ಲಿ ಚೀಫ್ ಬೋಲ್ಸ್. ವಯಸ್ಸು ಎಂಬತ್ತರ ಹತ್ತಿರ. 1836ರ ಫೆಬ್ರವರಿ 23ರಂದು ಹ್ಯೂಸ್ಟನ್ ಅವನ ಜೊತೆ ಒಪ್ಪಂದಕ್ಕೆ ಸಹಿ ಹಾಕಿದ. ಮೆಕ್ಸಿಕೋ ಯುದ್ಧದಲ್ಲಿ ನೀವು ಸುಮ್ಮನಿರಿ, ನೀವಿರುವ ಭೂಮಿ ನಿಮ್ಮದೇ ಅಂತ ಬರೆದುಕೊಡುತ್ತೇವೆ. ಕಾಣಿಕೆಯಾಗಿ ಒಂದು ಕತ್ತಿ ಕೊಟ್ಟ. ಚೆರೋಕೀಗಳು ಮಾತು ಉಳಿಸಿಕೊಂಡರು. ಇಡೀ ಯುದ್ಧದಲ್ಲಿ ಸುಮ್ಮನಿದ್ದರು. ಅವರೂ ಆಗ ಎದ್ದಿದ್ದರೆ ಟೆಕ್ಸಾಸ್ ಉಳಿಯುತ್ತಿತ್ತೋ ಇಲ್ಲವೋ. ಗೆದ್ದಾಯಿತು. ಹ್ಯೂಸ್ಟನ್ ಅಧ್ಯಕ್ಷನೂ ಆದ. ಒಪ್ಪಂದ ಟೆಕ್ಸಾಸ್ ಸೆನೆಟ್ ಮುಂದೆ ಹೋಯಿತು. 1837ರ ಡಿಸೆಂಬರ್‌ನಲ್ಲಿ ಸೆನೆಟ್ ಅದನ್ನು ತಳ್ಳಿಹಾಕಿತು. ಸಹಿ ಹಾಕಿದವನೇ ದೇಶದ ಅಧ್ಯಕ್ಷ. ಆದರೂ ಏನೂ ಮಾಡಲಾಗಲಿಲ್ಲ.

ಅವನ ನಂತರ ಬಂದ ಅಧ್ಯಕ್ಷ ಮಿರಾಬೋ ಲಮಾರ್‌ಗೆ ಚೆರೋಕೀಗಳು ಟೆಕ್ಸಾಸ್‌ನಲ್ಲಿ ಇರುವುದೇ ಬೇಡವಾಗಿತ್ತು. 1839ರ ಜುಲೈನಲ್ಲಿ ಸೈನ್ಯ ಕಳಿಸಿದ. ನೆಚೆಸ್ ನದಿಯ ಹತ್ತಿರ ಎರಡು ದಿನ ಯುದ್ಧ. ತನ್ನವರೆಲ್ಲ ಹಿಂದೆ ಸರಿಯುವ ತನಕ ಬೋಲ್ಸ್ ಕುದುರೆಯ ಮೇಲೇ ಇದ್ದ. ಕುದುರೆ ಬಿತ್ತು, ಇವನಿಗೂ ಗುಂಡು ತಗುಲಿತು. ನೆಲದಿಂದ ಎದ್ದು ಕೂತಿದ್ದವನ ತಲೆಗೆ ಹತ್ತಿರದಿಂದ ಹೊಡೆದು ಕೊಂದರು. ಆಗ ಅವನ ಬಳಿ ಹ್ಯೂಸ್ಟನ್ ಕೊಟ್ಟ ಕತ್ತಿ ಇತ್ತು.

ಹ್ಯೂಸ್ಟನ್ ಆ ಬೇಸಿಗೆ ಟೆಕ್ಸಾಸ್‌ನಲ್ಲಿ ಇರಲಿಲ್ಲ. ವಾಪಸ್ ಬಂದು ಸಭೆಗಳಲ್ಲಿ, ಶಾಸನಸಭೆಯಲ್ಲಿ ಕಿರುಚಾಡಿದ. ಬೋಲ್ಸ್ ತನ್ನನ್ನು ಕೊಂದವರಿಗಿಂತ ಒಳ್ಳೆಯ ಮನುಷ್ಯ ಅಂದ. ಕೇಳಿದವರು ಇವನ ಮೇಲೇ ತಿರುಗಿಬಿದ್ದರು. ಆ ಕತ್ತಿಯ ವಿಷಯ ನನ್ನ ಮನಸ್ಸಿನಲ್ಲಿ ಹಾಗೇ ಕೂತಿದೆ. ಇವನು ಸುಳ್ಳು ಹೇಳಿರಲಿಲ್ಲ. ಮನಸ್ಸಿಟ್ಟೇ ಕೊಟ್ಟಿದ್ದ. ಆದರೆ ಇವನು ಕೊಟ್ಟ ಮಾತನ್ನು ನಡೆಸಿಕೊಡಬೇಕಾದವರು ಬೇರೆಯವರಾಗಿದ್ದರು. ಮುದುಕ ಆ ಮಾತನ್ನು ನಂಬಿ ಮೂರು ವರ್ಷ ಕಾದ.

ನೆಲಮಾಳಿಗೆ

ಈಗ 1861. ಹ್ಯೂಸ್ಟನ್‌ಗೆ 68. ಹೆಂಡತಿ ಮಾರ್ಗರೆಟ್, ಎಂಟು ಮಕ್ಕಳು. ಅವಳಿಂದಾಗಿ ಕುಡಿತ ಬಿಟ್ಟಿದ್ದ. 1854ರಲ್ಲಿ ಗುಲಾಮಗಿರಿ ಹೊಸ ಪ್ರಾಂತ್ಯಗಳಿಗೂ ಹಬ್ಬಲು ದಾರಿ ಮಾಡಿಕೊಟ್ಟ ಕಾನ್ಸಾಸ್-ನೆಬ್ರಾಸ್ಕಾ ಮಸೂದೆಗೆ ವಿರುದ್ಧ ಓಟು ಹಾಕಿದ್ದ. ದಕ್ಷಿಣದ ಸೆನೆಟರ್‌ಗಳಲ್ಲಿ ಹಾಗೆ ಮಾಡಿದವರು ಇಬ್ಬರೇ, ಇವನು ಮತ್ತು ಟೆನೆಸ್ಸಿಯ ಜಾನ್ ಬೆಲ್. ಆ ಓಟಿಗೆ ಸೆನೆಟ್ ಸ್ಥಾನವನ್ನೇ ತೆರಬೇಕಾಯಿತು. 1857ರಲ್ಲಿ ಗವರ್ನರ್ ಚುನಾವಣೆಗೆ ನಿಂತು ಸೋತ, 1859ರಲ್ಲಿ ನಿಂತು ಗೆದ್ದ. ಅಷ್ಟರಲ್ಲಿ ಲಿಂಕನ್ ಅಮೆರಿಕದ ಅಧ್ಯಕ್ಷನಾಗಿ ಆರಿಸಿ ಬಂದ, ದಕ್ಷಿಣದ ರಾಜ್ಯಗಳು ಒಂದೊಂದಾಗಿ ಅಮೆರಿಕದಿಂದ ಬೇರೆಯಾದವು. ಟೆಕ್ಸಾಸ್‌ನ ಸಮಾವೇಶದಲ್ಲಿ ಫೆಬ್ರವರಿ 1ರಂದು ಬೇರೆಯಾಗೋಣ ಅಂದವರು 166, ಬೇಡ ಅಂದವರು 8. ಜನಮತದಲ್ಲೂ ಬೇರೆಯಾಗುವವರ ಕಡೆ ಮೂರು ಪಾಲು. ಜನ ಬೇರೆಯಾಗಲು ಓಟು ಹಾಕಿದ್ದಾರೆ, ಬೇರೆಯಾದ ರಾಜ್ಯಗಳು ಸೇರಿ ಕಟ್ಟಿಕೊಂಡ ಕಾನ್ಫೆಡರಸಿ ಸೇರಲು ಯಾರೂ ಓಟು ಹಾಕಿಲ್ಲ ಅಂತ ಹ್ಯೂಸ್ಟನ್ ವಾದಿಸಿದ. ಯಾರೂ ಕೇಳಲಿಲ್ಲ. ಎಲ್ಲ ಅಧಿಕಾರಿಗಳೂ ಕಾನ್ಫೆಡರಸಿಗೆ ನಿಷ್ಠೆಯ ಪ್ರಮಾಣ ಮಾಡಬೇಕು ಅಂತ ಆಜ್ಞೆ ಬಂತು.

ಮಾರ್ಚ್ 15ರ ರಾತ್ರಿ ಮನೆಯಲ್ಲಿ ಪ್ರಾರ್ಥನೆ ಮುಗಿದ ಮೇಲೆ ಸಮಾವೇಶದ ಕಡೆಯವನೊಬ್ಬ ಬಂದು, ನಾಳೆ ಮಧ್ಯಾಹ್ನ ಬರಬೇಕು ಅಂತ ಹೇಳಿ ಹೋದ. ಆಸ್ಟಿನ್‌ನ ಗವರ್ನರ್ ಬಂಗಲೆ ಈಗಲೂ ಇದೆ, ಬಿಳಿ ಕಂಬಗಳ ಮನೆ. ಅದರ ಮಹಡಿಯಲ್ಲಿ ಅವತ್ತು ರಾತ್ರಿಯೆಲ್ಲ ಓಡಾಡಿದ. ಮಲಗಿದವರಿಗೆ ಎಚ್ಚರವಾಗಬಾರದು ಅಂತ ಬೂಟು ಕಳಚಿಟ್ಟು ಕಾಲುಚೀಲದಲ್ಲೇ ಓಡಾಡಿದನಂತೆ. ಹಾರ್ಸ್‌ಶೂ ಬೆಂಡ್‌ನ ಗಾಯ, ಸ್ಯಾನ್ ಹಸಿಂಟೊದಲ್ಲಿ ಪುಡಿಯಾದ ಕಾಲಿನ ಗಂಟು, ಅವೆರಡನ್ನೂ ಹೊತ್ತುಕೊಂಡು. ಬೆಳಿಗ್ಗೆ ಕೆಳಗೆ ಬಂದು ಹೇಳಿದ ಮಾತನ್ನು ಮಕ್ಕಳು ನೆನಪಿಟ್ಟುಕೊಂಡಿದ್ದಾರೆ. "ಮಾರ್ಗರೆಟ್, ಅದನ್ನು ನಾನು ಎಂದಿಗೂ ಮಾಡುವುದಿಲ್ಲ."

ಮಾರನೇ ದಿನದ್ದನ್ನು ವಿಲಿಯಂ ಬೇಕರ್ ಅನ್ನುವ ಪಾದ್ರಿ ಬರೆದಿಟ್ಟಿದ್ದಾನೆ. ಶಾಸನಭವನದ ಮೇಲಿನ ಸಭಾಂಗಣದಲ್ಲಿ ಜನ ಕಿಕ್ಕಿರಿದಿದ್ದರು. ಗವರ್ನರ್ ಬಂದಿದ್ದ, ಆದರೆ ಮೇಲೆ ಹೋಗಲಿಲ್ಲ. ಕೆಳಗೆ ನೆಲಮಾಳಿಗೆಯಲ್ಲಿ ಕುರ್ಚಿ ಹಾಕಿಕೊಂಡು ಕೂತ. ಜೇಬಿನಿಂದ ಚಾಕು ತೆಗೆದು ಮರದ ತುಂಡೊಂದನ್ನು ಹೆರೆಯತೊಡಗಿದ. ಅದು ಅವನ ಹಳೇ ಅಭ್ಯಾಸ. ಸೆನೆಟ್‌ನಲ್ಲೂ ಭಾಷಣ ಕೇಳುತ್ತಾ ಪುಟ್ಟ ಪುಟ್ಟ ಶಿಲುಬೆ, ಹೃದಯ ಅಂತ ಏನೇನೋ ಕೆತ್ತಿ ಹೆಂಗಸರಿಗೆ, ಮಕ್ಕಳಿಗೆ ಕೊಡುತ್ತಿದ್ದ. ಮೇಲಿನಿಂದ ಹೆಸರು ಕೂಗಿದರು. ಸ್ಯಾಮ್ ಹ್ಯೂಸ್ಟನ್! ಇವನು ತಲೆ ಎತ್ತಲಿಲ್ಲ. ಎರಡನೇ ಸಲ ಕೂಗಿದರು. ಚಾಕು ಓಡುತ್ತಲೇ ಇತ್ತು. ಮೂರನೇ ಸಲ ಕೂಗಿದರು. ಎದ್ದೇಳಲಿಲ್ಲ, ಮಾತಾಡಲಿಲ್ಲ, ಹೆರೆಯುವುದು ನಿಲ್ಲಿಸಲಿಲ್ಲ. ಗವರ್ನರ್ ಪದವಿ ಹೋಯಿತು. ಲೆಫ್ಟಿನೆಂಟ್ ಗವರ್ನರ್ ಎಡ್ವರ್ಡ್ ಕ್ಲಾರ್ಕ್ ಪ್ರಮಾಣ ಮಾಡಿ ಆ ಕುರ್ಚಿಗೆ ಬಂದ.

ಹ್ಯೂಸ್ಟನ್ ಜನರಿಗೆ ಒಂದು ಪತ್ರ ಬರೆದಿದ್ದ. ನನ್ನ ಆತ್ಮಸಾಕ್ಷಿಯ ಹೆಸರಿನಲ್ಲಿ ಈ ಪ್ರಮಾಣವನ್ನು ನಿರಾಕರಿಸುತ್ತೇನೆ, ಆದರೆ ಟೆಕ್ಸಾಸ್‌ನ ಮೇಲಿನ ಪ್ರೀತಿಯಿಂದಾಗಿ ಈ ನೆಲದಲ್ಲಿ ರಕ್ತ ಹರಿಸಲಾರೆ ಅನ್ನುವುದು ಅದರ ಸಾರ. ಲಿಂಕನ್ ಸೈನ್ಯ ಕಳಿಸಿ ನಿನ್ನನ್ನು ಉಳಿಸುತ್ತೇನೆ ಅಂತ ಕಾಗದ ಕಳಿಸಿದ್ದ. ಹ್ಯೂಸ್ಟನ್ ನಾಲ್ಕು ಜನ ಗೆಳೆಯರನ್ನು ಕರೆಸಿ ಅದನ್ನು ಓದಿ ಹೇಳಿದ, ಅವರ ಅಭಿಪ್ರಾಯ ಕೇಳಿದ. ಆಮೇಲೆ ಕಾಗದವನ್ನು ಬೆಂಕಿಗೆ ಹಾಕಿದ.

ನಾಲ್ಕು ಸಲ ನಿಷ್ಠೆ ಬದಲಿಸಿದವನಿಗೆ ಐದನೆಯದು ಯಾಕೆ ಆಗಲಿಲ್ಲ? ಇದನ್ನೇ ನಾನು ತಿಂಗಳುಗಟ್ಟಲೆ ಯೋಚಿಸಿದೆ. ಮೊದಲಿನ ನಾಲ್ಕೂ ಸಲ ಅವನು ಎಲ್ಲಿಗೋ ಸೇರಿಕೊಂಡ. ಓಡಿಹೋಗಿ ಸೇರಿದ, ಸೋತು ಸೇರಿದ, ಭೂಮಿಗಾಗಿ ಸೇರಿದ, ಹೇಗೋ ಸೇರಿದ. ಈ ಸಲ ಕೇಳಿದ್ದು, ತಾನೇ ಹತ್ತು ವರ್ಷ ಹೆಣಗಿ ಕೂಡಿಸಿದ್ದನ್ನು ಒಡೆಯುವುದಕ್ಕೆ. ನನಗೆ ಹಾಗೆ ಕಾಣುತ್ತದೆ. ಇನ್ನೊಂದೂ ಅನ್ನಿಸುತ್ತದೆ. ಒಪ್ಪಂದಕ್ಕೆ ಸಹಿ ಹಾಕಿ, ಆಮೇಲೆ ಆ ಕಾಗದಕ್ಕೆ ಬೆಲೆ ಇಲ್ಲ ಅಂದರೆ ಏನಾಗುತ್ತದೆ ಅನ್ನುವುದನ್ನು ಬೋಲ್ಸ್‌ನ ಸಾವಿನಲ್ಲಿ ಅವನು ನೋಡಿದ್ದ. 1854ರ ಭಾಷಣದಲ್ಲೂ ಅವನು ಮೊದಲು ಎತ್ತಿದ್ದು ಗುಲಾಮಗಿರಿಯ ಮಾತನ್ನಲ್ಲ, ಅಮೆರಿಕದ ಮೂಲನಿವಾಸಿಗಳಿಗೆ ಕೊಟ್ಟು ಮುರಿದ ಮಾತುಗಳನ್ನು.

ಜಾಶುವಾ

ಇಷ್ಟು ಬರೆದು ಇಲ್ಲಿಗೆ ನಿಲ್ಲಿಸಿದರೆ ಅದು ಸರಿಯಾಗುವುದಿಲ್ಲ. ಹ್ಯೂಸ್ಟನ್ ಮನೆಯಲ್ಲಿ ಗುಲಾಮರಿದ್ದರು. 1860ರ ಹೊತ್ತಿಗೆ ಹನ್ನೆರಡು ಮಂದಿ. ಒಕ್ಕೂಟ ಉಳಿಯಲಿ ಅಂತ ಪದವಿ ಬಿಟ್ಟ ಮನುಷ್ಯ ಆ ಹನ್ನೆರಡು ಜನರನ್ನು ಬಿಟ್ಟಿರಲಿಲ್ಲ. ಕೊನೆಗಾಲದಲ್ಲಿ ಅವರನ್ನೆಲ್ಲ ಅಂಗಳದಲ್ಲಿ ಸೇರಿಸಿ ಬಿಡುಗಡೆ ಮಾಡಿದ ಅಂತ ಅಲ್ಲೇ ಬೆಳೆದ ಜೆಫ್ ಹ್ಯಾಮಿಲ್ಟನ್ ತನ್ನ ಮುಪ್ಪಿನಲ್ಲಿ ನೆನಪಿಸಿಕೊಂಡಿದ್ದಾನೆ. ಆದರೆ ಹ್ಯೂಸ್ಟನ್ ಸತ್ತ ಮೇಲೆ ಮಾಡಿದ ಆಸ್ತಿಯ ಪಟ್ಟಿಯಲ್ಲಿ ಗುಲಾಮರ ಹೆಸರುಗಳೂ ಬೆಲೆಯೂ ಇವೆ. ನಾನು ಪಟ್ಟಿಯನ್ನು ನಂಬುತ್ತೇನೆ. ಮನಸ್ಸಿಗೆ ನೋವಾಗುತ್ತದೆ, ಆದರೂ ನಂಬುತ್ತೇನೆ.

ಅವರಲ್ಲೊಬ್ಬ ಜಾಶುವಾ. ಕಮ್ಮಾರಿಕೆ ಗೊತ್ತಿತ್ತು, ಓದು ಬರಹ ಗೊತ್ತಿತ್ತು. ಹೊರಗಡೆ ಕೆಲಸ ಮಾಡಿ ಬಂದದ್ದರಲ್ಲಿ ಸ್ವಲ್ಪ ಉಳಿಸಿಕೊಳ್ಳಲು ಬಿಟ್ಟಿದ್ದರು. ಹ್ಯೂಸ್ಟನ್ ಸತ್ತು ಮಾರ್ಗರೆಟ್ ಕೈ ಬರಿದಾದಾಗ, ಇವನು ಎರಡು ಸಾವಿರ ಡಾಲರ್ ತಂದು ಮುಂದಿಟ್ಟನಂತೆ. ಆಕೆ ತೆಗೆದುಕೊಳ್ಳಲಿಲ್ಲ, ನಿನ್ನ ಮಕ್ಕಳನ್ನು ಓದಿಸು ಅಂದಳು. ಓದಿಸಿದ. ತಾನೂ ಹಂಟ್ಸ್‌ವಿಲ್ ಇರುವ ವಾಕರ್ ಕೌಂಟಿಯ ಕಮಿಷನರ್ ಆಗಿ ಆರಿಸಿ ಬಂದ. ಅವನ ಮಗ ಸ್ಯಾಮ್ಯುಯೆಲ್ ವಾಕರ್ ಹ್ಯೂಸ್ಟನ್ ಅದೇ ಊರ ಹತ್ತಿರ ಕಪ್ಪು ಮಕ್ಕಳಿಗೆ ಶಾಲೆ ಕಟ್ಟಿದ. ಹ್ಯೂಸ್ಟನ್ ಅನ್ನುವ ಹೆಸರು ಇವರದ್ದೂ ಹೌದು. ಈಗ ಆ ಹೆಸರು ಹೇಳುವಾಗ ಜಾಶುವಾನೂ ನೆನಪಾಗುತ್ತಾನೆ.

ಕೊನೆಯ ಎರಡು ವರ್ಷ

ಪದವಿ ಹೋದ ತಿಂಗಳಿಗೆ ಹ್ಯೂಸ್ಟನ್ ಗಾಲ್ವೆಸ್ಟನ್‌ಗೆ ಹೋದ. ಮಾತಾಡಬೇಡ, ಜನ ಕೊಂದುಬಿಡುತ್ತಾರೆ ಅಂತ ಗೆಳೆಯರು ಹೇಳಿದರೂ ಟ್ರೆಮಾಂಟ್ ಹೋಟೆಲಿನ ಬಾಲ್ಕನಿಗೆ ಬಂದು ನಿಂತ. ಲಕ್ಷಾಂತರ ಜನ ಸಾಯುತ್ತಾರೆ, ಉತ್ತರದವರು ನಿಮ್ಮ ಹಾಗೆ ಬೇಗ ಉರಿದೇಳುವವರಲ್ಲ, ಆದರೆ ಒಮ್ಮೆ ಹೊರಟರೆ ಬೆಟ್ಟದಿಂದ ಜಾರುವ ಹಿಮದ ರಾಶಿಯ ಹಾಗೆ ಬರುತ್ತಾರೆ ಅಂದ. ಕೇಳಿದವರು ಬರೆದಿಟ್ಟದ್ದು ಇದು. ಅವನ ಮಾತೇ ನಿಜವಾಯಿತು.

ಹಿರಿಯ ಮಗ ಸ್ಯಾಮ್ ಅಪ್ಪನ ಮಾತು ಮೀರಿ ಕಾನ್ಫೆಡರಸಿ ಸೈನ್ಯ ಸೇರಿದ. 1862ರ ಏಪ್ರಿಲ್‌ನಲ್ಲಿ ಶೈಲೋ ಯುದ್ಧದಲ್ಲಿ ಬಿದ್ದ, ಸತ್ತ ಅಂತ ಬಿಟ್ಟು ಹೋದರು. ಮುಂದಿನದ್ದು ಆ ಮನೆಯವರು ಹೇಳುತ್ತಾ ಬಂದ ಕತೆ. ಉತ್ತರದ ಸೈನ್ಯದ ಪಾದ್ರಿಯೊಬ್ಬ ಗಾಯಾಳುಗಳ ನಡುವೆ ಬರುತ್ತಿದ್ದ. ಹುಡುಗನ ಬಳಿ ಗುಂಡು ಹೊಕ್ಕ ಬೈಬಲ್ ಇತ್ತು, ಒಳಗೆ ತಾಯಿಯ ಕೈಬರಹ, ಮಗನ ಹೆಸರು. ನೀನು ಸೆನೆಟರ್ ಹ್ಯೂಸ್ಟನ್‌ನ ಮಗನಾ ಅಂತ ಕೇಳಿದ. 1854ರಲ್ಲಿ ನ್ಯೂ ಇಂಗ್ಲೆಂಡಿನ ಮೂರು ಸಾವಿರ ಪಾದ್ರಿಗಳು ಆ ಕಾನ್ಸಾಸ್-ನೆಬ್ರಾಸ್ಕಾ ಮಸೂದೆ ಬೇಡ ಅಂತ ಸೆನೆಟ್‌ಗೆ ಅರ್ಜಿ ಕಳಿಸಿದಾಗ ಅವರನ್ನು ಎಲ್ಲರೂ ಬೈದಿದ್ದರು, ಅವರ ಪರವಾಗಿ ಎದ್ದು ಮಾತಾಡಿದ್ದು ಹ್ಯೂಸ್ಟನ್. ಈ ಪಾದ್ರಿ ಅದನ್ನು ಮರೆತಿರಲಿಲ್ಲ. ಡಾಕ್ಟರನ್ನು ಕರೆತಂದು ಹುಡುಗನನ್ನು ಉಳಿಸಿದ. ಅದೇ ವರ್ಷ ಊರುಗೋಲು ಹಿಡಿದು ಗೇಟಿಗೆ ಬಂದ ಮಗನನ್ನು ಮಾರ್ಗರೆಟ್ ಮೊದಲು ಯಾರೋ ಅಂದುಕೊಂಡಳಂತೆ.

ಹಂಟ್ಸ್‌ವಿಲ್ ಮ್ಯೂಸಿಯಂನಲ್ಲಿ ಹ್ಯೂಸ್ಟನ್ ಸತ್ತ ಮನೆ ಇದೆ. ಉಗಿದೋಣಿಯ ಹಾಗೆ ಉದ್ದಕ್ಕೆ, ಎರಡು ಅಂತಸ್ತಿನ ಜಗಲಿ ಇಟ್ಟು ಕಟ್ಟಿದ ವಿಚಿತ್ರ ಮನೆ, ಬಾಡಿಗೆಯದ್ದು. 1863ರ ಜುಲೈ 26ರಂದು ಅಲ್ಲಿ ಹೋದ. ಟೆಕ್ಸಾಸ್, ಟೆಕ್ಸಾಸ್, ಮಾರ್ಗರೆಟ್ ಅನ್ನುವುದು ಕೊನೆಯ ಮಾತು. ಉಸಿರು ನಿಂತ ಮೇಲೆ ಮಾರ್ಗರೆಟ್ ಅವನ ಬೆರಳಿನಿಂದ ಆ ತೆಳು ಉಂಗುರ ತೆಗೆದು, ಒಳಗೆ ಕೊರೆದದ್ದನ್ನು ಮಕ್ಕಳಿಗೆ ತೋರಿಸಿದಳು. ಐವತ್ತು ವರ್ಷ ಅದು ಚರ್ಮಕ್ಕೆ ತಾಗಿಕೊಂಡೇ ಇತ್ತು.

ಆ ಮನೆಯ ಜಗಲಿಯಲ್ಲಿ ನಿಂತಿದ್ದಾಗ ನನಗೆ ಅಪ್ಪಯ್ಯನ ಫೋನು ನೆನಪಾಯಿತು. ಪ್ರಜೆಯಾಗಲು ಅರ್ಜಿ ಹಾಕುತ್ತೇನೆ ಅಂತ ಹೇಳಲು ಒಂದು ಭಾನುವಾರ ಬೆಳಿಗ್ಗೆ ಊರಿಗೆ ಫೋನ್ ಮಾಡಿದ್ದೆ. ಅಲ್ಲಿ ರಾತ್ರಿ, ಅಡಿಕೆ ಸುಗ್ಗಿ. ಅಪ್ಪಯ್ಯ ಮೆಟ್ಟುಗತ್ತಿಯ ಮುಂದೆ ಕೂತಿದ್ದರು, ಫೋನು ಪಕ್ಕದಲ್ಲಿ ಸ್ಪೀಕರ್‌ಗೆ ಹಾಕಿಟ್ಟಿದ್ದರು. ನಾನು ವಿಷಯ ಹೇಳಿದೆ. ಉತ್ತರ ಬರಲಿಲ್ಲ. ಕತ್ತಿಗೆ ಅಡಿಕೆ ತಾಗುವ ಚಕ್ ಅನ್ನುವ ಸದ್ದು, ಸುಲಿದದ್ದು ಬುಟ್ಟಿಗೆ ಬೀಳುವ ಸದ್ದು, ಮತ್ತೆ ಚಕ್. "ಅಪ್ಪಯ್ಯಾ" ಅಂದೆ. ಚಕ್. ಲೈನ್ ಕಟ್ಟಾಯಿತಾ ಅಂತ ಫೋನ್ ಕಡೆ ನೋಡಿದೆ. ಕಟ್ಟಾಗಿರಲಿಲ್ಲ. ಹತ್ತು ಹದಿನೈದು ಅಡಿಕೆ ಆಗಿರಬೇಕು. ಆಮೇಲೆ ಸದ್ದು ನಿಂತಿತು.

"ಪಾಸ್‌ಪೋರ್ಟ್ ಅವರಿಗೆ ಕೊಡಬೇಕಾಗ್ತದಾ?"

"ಹೌದು ಅಪ್ಪಯ್ಯಾ. ಸೀಲು ಹಾಕಿ ರದ್ದು ಮಾಡ್ತಾರೆ. ಆಮೇಲೆ ವಾಪಸ್ ಕೊಡ್ತಾರೆ."

"ವಾಪಸ್ ಕೊಡ್ತಾರಲ್ಲ. ಇಟ್ಕೋ. ಎಸೀಬೇಡ."

ಅಷ್ಟೇ ಹೇಳಿ ಮತ್ತೆ ಅಡಿಕೆ ಸುಲಿಯತೊಡಗಿದರು.